ಆಯಸ್ಕಾಂತ ಹಿಡಿದ ಪೆನ್ನಿಗಳು

ಪೊಲೀಸರು ನಿಲ್ಲಿಸಬಹುದು, ಈ ಅರಬ್ ದೇಶದಲ್ಲಿ ವಾಸಕ್ಕೆ ಬೇಕಾದ ಇಕಾಮಾ ಕಾರ್ಡು ರೂಮಿನಲ್ಲೇ ಉಳಿದಿರಬಹುದು, ನಾಣ್ಯ ಕರಗಿಸಿದ್ದಕ್ಕೆ ಬ್ರಿಟನ್ನಿನ ರಾಜನೇ ಕೇಸು ಹಾಕಬಹುದು: ಶುವೈಖಿನ ವರ್ಕ್‌ಶಾಪ್ ಮುಟ್ಟುವವರೆಗೂ ನನಗೆ ಇದೇ ಚಿಂತೆ. ಪಕ್ಕದಲ್ಲಿ ರೂಮಿನ ಜೊತೆಗಾರ ಹಮೀದಾಕ, ಅವರ ಮಡಿಲಲ್ಲಿ ಹಾಲಿನಪುಡಿ ಡಬ್ಬಿ. ಅವರು ಕಾರು ಓಡಿಸುವ ಮನೆಯವರು ಲಂಡನ್ನಿನಿಂದ ಬಂದಾಗಲೆಲ್ಲ ಸೀಟಿನಲ್ಲಿ ಬಿಟ್ಟುಹೋದ ಕೆಂಪು ಪೆನ್ನಿ ನಾಣ್ಯಗಳು ಅದರ ತುಂಬ. ಊರಲ್ಲಿರುವ ಗಂಟುನೋವಿನ ಹೆಂಡತಿಗೆ ಹಮೀದಾಕ ಅವನ್ನು ಕರಗಿಸಿ ತಾಮ್ರದ ಬಳೆ ಮಾಡಿಸಬೇಕಿತ್ತು.

ಉಳ್ಳಾಲದ ಮೇಸ್ತ್ರಿ ಡಬ್ಬಿಗೆ ಆಯಸ್ಕಾಂತ ಇಳಿಸಿದ. ಪೆನ್ನಿಗಳು ಗೊಂಚಲಾಗಿ ಮೇಲೆದ್ದವು.

“ಮೇಲೆ ಮಾತ್ರ ತಾಮ್ರ, ಕಾಕಾ. ಉಕ್ಕಿನ ಬಿಲ್ಲೆಗೆ ತೆಳ್ಳಗೆ ತಾಮ್ರ ಹಿಡಿಸಿ ಅಚ್ಚು ಒತ್ತುವುದು. ಹಳೆಯವು ಹಾಗಲ್ಲ, ಒಳಗೂ ಹೆಚ್ಚುಕಡಿಮೆ ತಾಮ್ರವೇ.”

ತಳದಲ್ಲಿ ಹಳೆಯವು ಎರಡೇ ಉಳಿದಿದ್ದವು. “ಒಂದು ಉಂಗುರ ಆದೀತು” ಎಂದ.

“ಅವಳ ಬೆರಳು ಬಾತುಕೊಂಡು ಉಂಟು ಮಾರಾಯಾ, ಉಂಗುರ ಹೋಗುವುದಿಲ್ಲ” ಎಂದು ಹಮೀದಾಕ ಡಬ್ಬಿ ಮುಚ್ಚಿದರು.

ಚಿಂತೆ ಮಾಡಿದ್ದು ನಾನು, ಪೆಟ್ಟು ಬಿದ್ದದ್ದು ಅವರಿಗೆ. ಹೆಂಡತಿ ಈಗಲೂ ಫೋನಿನಲ್ಲಿ ಬಳೆಯ ಸುದ್ದಿ ಕೇಳುತ್ತಾರೆ, ಇವರು “ಆಗ್ತಾ ಉಂಟು” ಅನ್ನುತ್ತಾರೆ. ಆಗೆಲ್ಲ ನಾನು ರೂಮಿನಿಂದ ಹೊರಗೆ ಬಂದುಬಿಡುತ್ತೇನೆ.