ಹೊಸ ಮನೆಯಲ್ಲಿ ಸೀನನ ಲೋಟ

ನಾನು ಜೀವಮಾನದಲ್ಲಿ ಮೊದಲ ಸಲ ಮದ್ಯದ ಬಾಟಲಿಯ ಮುಚ್ಚಳ ತಿರುವಿದ್ದು ವೇಮಗಲ್‌ಗೆ ಬಂದ ಮೇಲೆ. ಅದೂ ನಾನು ಕಂಡೇ ಇರದ, ಸತ್ತುಹೋದ ಹುಡುಗನೊಬ್ಬನಿಗಾಗಿ.

ನಮ್ಮವರಿಗೆ ಇಲ್ಲಿನ ಕಾರ್ಖಾನೆಯಲ್ಲಿ ಕೆಲಸವಾಗಿ ಇಂಡಿ ಬಿಟ್ಟು ಬಂದೆವು. ಅಂಗಡಿಯವನ ಕನ್ನಡ ಅರ್ಧದಲ್ಲಿ ತೆಲುಗಾಗುವುದಕ್ಕೂ, ಜೋಳದ ರೊಟ್ಟಿಯ ಜಾಗದಲ್ಲಿ ಮುದ್ದೆ ಕೂರುವುದಕ್ಕೂ ನಿಧಾನವಾಗಿ ಒಗ್ಗಿಕೊಂಡೆ. ಹಿರಿಯರ ಹಬ್ಬ ನಮ್ಮ ಕಡೆಯೂ ಇದೆ; ಹೋಳಿಗೆ, ಕಟ್ಟಿನ ಸಾರು ಎಡೆ ಹಿಡಿದು ಮುಗಿಸುತ್ತೇವೆ. ಇಲ್ಲಿ ಅನೇಕರ ಬಾಯಲ್ಲಿ ಅದು ಪೆದ್ದಲ ಪಂಡಗ. ಪೆದ್ದಲು ಎಂದರೆ ತೆಲುಗಿನಲ್ಲಿ ಹಿರಿಯರು. ಹೋದವರಿಗೆ ಏನು ಇಷ್ಟವಿತ್ತೋ ಅದನ್ನೇ ಇಡುತ್ತಾರೆ: ಕೋಳಿ ಸಾರು, ಬೀಡಿ, ಬ್ರಾಂದಿ.

ಮನೆಯೊಡತಿ ನಾರಾಯಣಮ್ಮ ಕೆಳಗೆ, ನಾವು ಮೇಲೆ ಬಾಡಿಗೆಗೆ. ಅವರ ಮಗ ಸೀನ ಗೋವಾದ ಹೋಟೆಲೊಂದರ ಬಾರಿನಲ್ಲಿದ್ದ. ರಜಕ್ಕೆ ಬಂದಾಗ ಹಿತ್ತಲ ಚಕ್ಕೋತ ಕಿತ್ತು, ಟಕೀಲಾ ಎಂಬ ಮದ್ಯ ಬೆರೆಸಿ, ತಾಯಿಗೂ ಒಂದು ಗುಟುಕು ಕುಡಿಸಿ ನಗಿಸುತ್ತಿದ್ದನಂತೆ. ಜ್ವರ ಬಂದು ಹೋಗಿಬಿಟ್ಟ. ಆಮೇಲೆ ಹೊಲ, ಹಳೆ ಮನೆ ಎರಡೂ ಕಾರ್ಖಾನೆಗಳ ಜಾಗಕ್ಕೆ ಹೋಗಿ, ಪರಿಹಾರದ ದುಡ್ಡಲ್ಲಿ ಈ ಮನೆ ಎದ್ದಿತು. ನಾರಾಯಣಮ್ಮನ ಭಯ ಇಷ್ಟೇ: ಸೀನ ಈ ಮನೆ ಕಂಡವನಲ್ಲ. ಎಡೆಗೆ ಹಳೆ ಮನೆ ಹುಡುಕಿಕೊಂಡು ಹೋದರೆ?

ಅಮಾವಾಸ್ಯೆಯ ಬೆಳಿಗ್ಗೆ, ಅವನು ಬಿಟ್ಟುಹೋದ ಬಾಟಲಿಯನ್ನೂ ಕೋಲಾರದಿಂದ ತರಿಸಿದ ಚಕ್ಕೋತವನ್ನೂ ಹಿಡಿದು ಮೆಟ್ಟಿಲು ಹತ್ತಿ ಬಂದರು. ಬಾಟಲಿಯ ಮೇಲಿನ ಗಿಡದ ಚಿತ್ರ ತೋರಿಸಿ, "ನಮ್ ಹೊಲದ ಬದುವಿನ್ಮೇಲಿತ್ತಲ್ಲ, ಆ ಕತ್ತಾಳೆ ಜಾತೀದ್ರಿಂದ್ಲೇ ಇದ್ನ ಮಾಡೋದು ಅಂತಿದ್ದ. ನಂಗೆ ಕೈ ನಡುಗ್ತದೆ. ನೀನು ಮಾಡ್ಕೊಡಮ್ಮ, ವಾಸ್ನೆ ಹಿಡ್ಕೊಂಡಾದ್ರೂ ಬರ್ತಾನೆ," ಎಂದರು.

ನಮ್ಮವರು ಪತ್ರಿಕೆ ಮಡಚಿಟ್ಟು, "ನಮ್ಮೂರಾಗ ಗೊತ್ತಾದ್ರ ನಿನ್ನ ಕೈಯಾಗಿನ ಹೋಳಿಗಿ ಯಾರೂ ಮುಟ್ಟಂಗಿಲ್ಲ ನೋಡ," ಎಂದು ನಕ್ಕರು. ನಗಲಿ. ನಾನು ಮೊಬೈಲಿನಲ್ಲಿ ಮಾಡುವ ಬಗೆ ನೋಡಿಕೊಂಡೆ. ಉದ್ದನೆಯ ಗಾಜಿನ ಲೋಟದ ಅಂಚಿಗೆ ನಿಂಬೆಹೋಳು ಸವರಿ ಉಪ್ಪಿನಲ್ಲಿ ಅದ್ದಬೇಕು. ಐಸು, ಟಕೀಲಾ, ಚಕ್ಕೋತದ ರಸ, ಅರ್ಧ ನಿಂಬೆ. ಕೊನೆಗೆ ಸೋಡಾ, ನೊರೆ ಉಕ್ಕದಂತೆ ಮೆಲ್ಲಗೆ. ಚಕ್ಕೋತದ ಒಂದೊಂದು ತೊಳೆಯ ಬಿಳಿ ಸಿಪ್ಪೆ ಬಿಡಿಸಿ, ಬೀಜ ತೆಗೆದು, ಕೂಸಿಗೆ ಕೊಡುವಷ್ಟು ಚೊಕ್ಕಟವಾಗಿ ಹಿಂಡಿದೆ.

ನಾರಾಯಣಮ್ಮ ಚಮಚದಲ್ಲಿ ರುಚಿ ನೋಡಿ ತಲೆಯಾಡಿಸಿದರು. "ಇದು ಅವನ್ದಲ್ಲ."

"ಏನ ಕಮ್ಮಿ ಆಗೇತ್ರಿ ಅಮ್ಮಾ?"

"ಕಹಿ ಇಲ್ಲ. ಅವನಿಗೆಲ್ಲಿ ಇಷ್ಟು ತಾಳ್ಮೆ? ಸಿಪ್ಪೆ ಸಮೇತ ಹಿಂಡೋನು."

ಇಷ್ಟು ವರ್ಷ ಕಲಿತ ಅಚ್ಚುಕಟ್ಟನ್ನು ಬದಿಗಿಟ್ಟೆ. ಹಣ್ಣು ಅಡ್ಡ ಕೊಯ್ದು ಸಿಪ್ಪೆ, ಬೀಜದ ಸಮೇತ ಹಿಚುಕಿದೆ. ರಸ ಮೊಣಕೈವರೆಗೆ ಹರಿಯಿತು. ಕಾಣದ ಹುಡುಗನ ಅವಸರ ನನ್ನ ಕೈಗೆ ಬಂದಂತಾಯಿತು. ಈ ಸಲ ನಾರಾಯಣಮ್ಮ ರುಚಿ ನೋಡಿ ಸೆರಗಿನಿಂದ ಬಾಯಿ ಮುಚ್ಚಿಕೊಂಡರು.

ಕೆಳಗೆ ಎಡೆಯ ಮುಂದೆ ಲೋಟ ಇಟ್ಟು, ಬಾಗಿಲಿಗೆ ಬಂದು, ಬೀದಿಯತ್ತ ನೋಡಿ ಕರೆದರು. "ಬಾರೋ ಸೀನ. ಇದೇ ಮನೆ ಕಣೋ."

ಆಮೇಲೆ ಪದ್ಧತಿಯಂತೆ ಬಾಗಿಲು ಮುಂದೆ ಮಾಡಿ ಎಲ್ಲರೂ ಹೊರಗೆ ಕುಳಿತೆವು. ಬಂದವರು ಉಣ್ಣುವುದನ್ನು ನೋಡಬಾರದು. ಒಳಗೆ ಲೋಟಕ್ಕೆ ಏನೋ ತಾಗಿದ ಸದ್ದಾಯಿತು. ಐಸು ಕರಗಿ ಜಾರಿದರೆ ಹಾಗಾಗುತ್ತದೆ, ನನಗೂ ಗೊತ್ತು. ಆದರೂ ಕಿವಿಯನ್ನು ಬಾಗಿಲಿಗೇ ಇಟ್ಟು ಕುಳಿತೆವು.

ಮಧ್ಯಾಹ್ನ ಮೇಲೆ ಬಂದು, ಉಳಿದ ನಿಂಬೆಗೆ ಉಪ್ಪು, ಸೋಡಾ ಬೆರೆಸಿ ಒಂದು ಲೋಟ ಮಾಡಿದೆ. ಬಿಸಿಲಲ್ಲಿ ಬಂದವರಿಗೆಲ್ಲ ನಮ್ಮ ಅವ್ವ ನಿಂಬೆ ಹಿಂಡಿಯೇ ಕೊಡುತ್ತಿದ್ದಳು. ಅವಳೂ ಈ ಮನೆ ಕಂಡವಳಲ್ಲ. ನಾವು ಊರು ಬಿಡುವ ಮುಂಚೆಯೇ ತೀರಿಕೊಂಡಳು. ಅವಳ ಎಡೆ ಇಂಡಿಯಲ್ಲಿ, ತಮ್ಮನ ಮನೆಯಲ್ಲಿ. ಲೋಟವನ್ನು ಹೊಸ್ತಿಲ ಬಳಿ ಇಟ್ಟು ಬಾಗಿಲು ತೆರೆದೆ. ಬಾ ಅವ್ವಾ, ಎಂದೆ. ಇದ ನಮ್ಮ ಮನಿ ಎನ್ನಲು ಮಾತ್ರ ಬಾಯಿ ಬರಲಿಲ್ಲ.