ಹಿಂದಕ್ಕೆ ಪಡೆದ ಜಾಮೀನು

ನನ್ನ ತಮ್ಮನನ್ನು ಪೊಲೀಸರು ಹಿಡಿದದ್ದು ಡೋಣಿ ಎಂಬ ಊರಿನ ಹತ್ತಿರ. ಅವನು ಓಡಿಸುತ್ತಿದ್ದ ಬಾಡಿಗೆ ಗಾಡಿಯಲ್ಲಿ ಮೇಲೆ ಉಳ್ಳಾಗಡ್ಡಿ ಚೀಲಗಳಿದ್ದವು, ಕೆಳಗೆ ಗಾಂಜಾ. ನಾನು ಶಿರಹಟ್ಟಿಯ ಶಾಲೆಯಲ್ಲಿ ಪಾಠ ಮಾಡುತ್ತಿದ್ದೆ. ಬೆಟಗೇರಿಯಿಂದ ಅವ್ವ ಫೋನ್ ಮಾಡಿ, "ಯಾರದೋ ಮಾಲಂತ, ಇವನ್ನ ಹಿಡದಾರಂತ. ಜಲ್ದಿ ಬಾ" ಎಂದಳು. ಸಂಜೆಯೊಳಗೆ ಬಿಟ್ಟು ಕಳಿಸುತ್ತಾರೆ ಎಂದೇ ಅವಳು ನಂಬಿದ್ದಳು.

ವಕೀಲರು ಅವಳ ನಂಬಿಕೆಯನ್ನು ಮೊದಲ ಭೇಟಿಯಲ್ಲೇ ಮುರಿದರು.

"ಸ್ವಲ್ಪ ಸಿಕ್ಕಿದ್ರ ಮಾತ ಬ್ಯಾರೆ ಇತ್ತು. ಇದು ವ್ಯಾಪಾರದ ಪ್ರಮಾಣ ಆಗೇತಿ. ಇಂಥಾದ್ರಾಗ ಜಾಮೀನು ಸರಳ ಸಿಗೂದಿಲ್ರಿ. ಇವ ತಪ್ಪು ಮಾಡಿಲ್ಲ ಅಂತ ಜಡ್ಜ್ ಸಾಹೇಬರಿಗೆ ಅನಿಸಬೇಕು. ಹೊರಗ ಬಂದ್ರ ಮತ್ತ ಅದನ್ನ ಮಾಡೂದಿಲ್ಲ ಅಂತಾನೂ ಅನಿಸಬೇಕು."

"ನನ್ನ ಮಗಗ ಚೀಲದಾಗ ಏನೈತಂತ ಗೊತ್ತ ಇರಲಿಲ್ರಿ" ಎಂದಳು ಅವ್ವ.

ಜೈಲಿನಲ್ಲಿ ಜಾಳಿಗೆಯ ಆಚೆ ನಿಂತಿದ್ದ ಅವನನ್ನು ನಾನೂ ಅದನ್ನೇ ಕೇಳಿದೆ. ಅವ್ವ ಅವತ್ತು ಬಂದಿರಲಿಲ್ಲ.

"ಮೊದಲ ಸಲ ಗೊತ್ತಿರಲಿಲ್ಲಕ್ಕಾ" ಎಂದ.

ಎಷ್ಟು ಸಲ ಎಂದು ಕೇಳುವ ಧೈರ್ಯ ಬರಲಿಲ್ಲ. ಮನೆಗೆ ಬಂದಾಗ ಅವ್ವ ಮಗ್ಗದವರ ನೂಲನ್ನು ಕಂಡಿಕೆಗೆ ಸುತ್ತುತ್ತ ಕುಳಿತಿದ್ದಳು. "ಉಂಡಾನಂತೇನು?" ಎಂದು ಕೇಳಿದಳು. ಹೂಂ ಎಂದೆ, ಬೇರೇನೂ ಹೇಳಲಿಲ್ಲ.

ಗದಗಿನ ಕೋರ್ಟಿನಲ್ಲಿ ಜಾಮೀನು ಅರ್ಜಿ ವಜಾ ಆಯಿತು. ಆ ಮಾಲನ್ನು ಗಾಡಿಗೆ ತುಂಬಿಸಿಕೊಟ್ಟವನನ್ನೂ ಹಿಡಿದಿದ್ದರು. ಅವನ ಬಳಿ ಏನೂ ಸಿಕ್ಕಿರಲಿಲ್ಲವೆಂದು ಅವನು ನಮ್ಮವನಿಗಿಂತ ಎಷ್ಟೋ ಮೊದಲೇ ಹೊರಗೆ ಬಂದ. ನಮ್ಮವನು ಎರಡು ದೀಪಾವಳಿ ಒಳಗೇ ಕಳೆದ. ಸಾಕ್ಷಿಗಳು ಬರಲಿಲ್ಲ, ವಿಚಾರಣೆ ಶುರುವಾಗಲಿಲ್ಲ. ಕೊನೆಗೆ ಆ ಕಾರಣಕ್ಕೇ ಧಾರವಾಡದ ಹೈಕೋರ್ಟ್ ಪೀಠ ಜಾಮೀನು ಕೊಟ್ಟಿತು. ಹೊಣೆ ನಿಲ್ಲುವವರು ಬೇಕಿತ್ತು. ಸೊರಟೂರಿನ ಸೋದರಮಾವ ತನ್ನ ಹೊಲದ ಪಹಣಿಯ ಉತಾರ ಕೊಡಲು ಒಪ್ಪದೆ, "ಬ್ಯಾರೆ ಏನರ ಕೇಳು ತಂಗಿ" ಎಂದು ಅವ್ವನಿಗೆ ಹೇಳಿಬಿಟ್ಟ. ನನ್ನದು ಸರ್ಕಾರಿ ನೌಕರಿ. ಪಗಾರದ ದಾಖಲೆ ಕೊಟ್ಟು ನಾನೇ ಸಹಿ ಮಾಡಿದೆ.

ಅವನು ಮನೆಗೆ ಬಂದ ದಿನ ಅವ್ವ ಹೋಳಿಗೆ ಮಾಡಿದಳು. ವಾರಕ್ಕೊಮ್ಮೆ ಠಾಣೆಗೆ ಹೋಗಿ ಸಹಿ ಹಾಕಿ ಬರುತ್ತಿದ್ದ. ಯಾರೂ ಗಾಡಿ ಓಡಿಸಲು ಕರೆಯಲಿಲ್ಲ. ಸ್ವಲ್ಪ ದಿನಕ್ಕೆ ಗಾಡಿ ತುಂಬಿಸಿಕೊಟ್ಟವನು ನಮ್ಮ ಓಣಿಯ ಚಹಾದಂಗಡಿಯಲ್ಲಿ ಕಾಣಿಸಿಕೊಂಡ. ಬಿಳಿ ಅಂಗಿ, ಮೆಲ್ಲಗಿನ ಮಾತು. ನನ್ನನ್ನು ಕಂಡರೆ "ಶಾಲಿ ಬಿಟ್ಟಿತೇನ್ರಿ ಟೀಚರ್?" ಎನ್ನುತ್ತಿದ್ದ.

ಒಂದು ರವಿವಾರ ಅವ್ವ ಗುಡಿಗೆ ಹೋದಾಗ ತಮ್ಮ ನನ್ನ ಪಕ್ಕ ಬಂದು ಕುಳಿತ.

"ಅಕ್ಕಾ, ನಿನ್ನ ಜಾಮೀನು ಹಿಂದ ತಗೋ."

ನನಗೆ ಅರ್ಥವಾಗಲಿಲ್ಲ.

"ಹೊಣಿ ನಿಂತಾವರು ಬ್ಯಾಡ ಅಂದ್ರ, ಬ್ಯಾರೆ ಜಾಮೀನು ಸಿಗೂತನಾ ಒಳಗ ಹಾಕ್ತಾರಂತ. ಜೈಲಿನ್ಯಾಗ ಒಬ್ಬಾಂವ ಹೇಳಿದ್ದ. ಆ ಬಿಳಿ ಅಂಗ್ಯಾಂವ ಮತ್ತ ಗಾಡಿ ತಯಾರ ಮಾಡ್ಯಾನ. ನನ್ನ ಕರಿಯಾಕ ಹತ್ಯಾನ."

"ಪೊಲೀಸರಿಗೆ ಹೇಳೂಣು."

"ನೀ ಯಾವ ಬಸ್ಸಿಗೆ ಶಿರಹಟ್ಟಿಗೆ ಹೋಗ್ತಿ, ಎಲ್ಲಿ ಇಳೀತಿ ಅಂತ ಅಂವ ನನಗ ಹೇಳ್ದ. ಸುಮ್ನ ಮಾತಿಗೆ ಹೇಳಿದಂಗ ಹೇಳ್ದ."

"ಹೋಗೂದಿಲ್ಲ ಅನ್ನು ನೀ."

ಅವನು ತಲೆ ಅಲ್ಲಾಡಿಸಿದ. "ಹೊರಗಿದ್ರ ನಾ ಅವನ ಗಾಡಿ ಹತ್ತತೀನಿ ಅಕ್ಕಾ. ಅವಗ ಇಲ್ಲಾ ಅನ್ನಾಕ ನನ್ನ ಕೈಲೆ ಆಗೂದಿಲ್ಲ. ಅವ್ವಗ ಹೇಳಬ್ಯಾಡ."

ವಕೀಲರು ಎರಡೆರಡು ಸಲ ಕೇಳಿದರು. "ಇಷ್ಟು ಬಡದಾಡಿ ತಂದ ಜಾಮೀನು ಐತಿ. ವಿಚಾರ ಮಾಡ್ರಿ." ವಿಚಾರ ಮಾಡಿಯೇ ಬಂದಿದ್ದೇನೆ ಎಂದೆ. ಅರ್ಜಿ ಹಾಕಿದರು.

ಕೋರ್ಟಿನಲ್ಲಿ ನ್ಯಾಯಾಧೀಶರು ನನ್ನನ್ನು ನೋಡಿ, "ಸ್ವಂತ ತಮ್ಮ ಅಲ್ವೇನಮ್ಮಾ? ಕಾರಣ ಏನು?" ಎಂದರು. ತಮ್ಮ ನನ್ನ ಹಿಂದೆಯೇ ನಿಂತಿದ್ದ.

"ಅವನ ಹೊಣಿ ಹೊರಾಕ ನನ್ನಿಂದ ಆಗೂದಿಲ್ರಿ" ಎಂದೆ.

ಬೇರೆ ಹೊಣೆಗಾರರು ಇದ್ದಾರೆಯೇ ಎಂದು ಅವನನ್ನು ಕೇಳಿದರು. ಇಲ್ಲ ಎಂದ. ಪೊಲೀಸರು ಕರೆದೊಯ್ಯುವಾಗ ಅವನ ಮುಖದಲ್ಲಿ ದಣಿದವನು ಮಲಗಲು ಹೊರಟಾಗ ಇರುವಂಥ ಒಂದು ನೆಮ್ಮದಿ ಇತ್ತು. ಅದನ್ನು ನೋಡುವುದಕ್ಕಿಂತ ಅವನು ನನ್ನನ್ನು ಬಯ್ದಿದ್ದರೇ ಚಲೋ ಇತ್ತು ಅನ್ನಿಸಿತು.

ಸುದ್ದಿ ನನಗಿಂತ ಮೊದಲೇ ಮನೆ ಮುಟ್ಟಿತ್ತು. ಅವ್ವ ಬಾಗಿಲಲ್ಲೇ ನಿಂತಿದ್ದಳು.

"ಪಗಾರ ಹೋಗ್ತೈತಂತ ಅಂಜಿದೇನು?"

ನಾನು ಒಳಗೆ ಹೋಗಿ ಚೀಲ ಇಟ್ಟೆ. ಅಂದಿನಿಂದ ಅವಳು ನನಗೆ ಬಡಿಸುವುದನ್ನು ಬಿಟ್ಟಳು. ಅಡಿಗೆ ಮಾಡಿಡುತ್ತಾಳೆ, ತನ್ನಷ್ಟಕ್ಕೆ ಉಣ್ಣುತ್ತಾಳೆ.

ಬಿಳಿ ಅಂಗಿಯವನು ಓಣಿಗೆ ಬರುವುದು ನಿಂತಿದೆ. ಮುಂಡರಗಿ ಕಡೆಯ ಇನ್ನೊಬ್ಬ ಡ್ರೈವರ್ ಸಿಕ್ಕಿದ್ದಾನೆಂದು ಯಾರೋ ಹೇಳಿದರು. ಅವನ ಮನೆಯಲ್ಲಿ ಯಾರ‍್ಯಾರಿದ್ದಾರೋ ಗೊತ್ತಿಲ್ಲ. ತಮ್ಮನ ವಿಚಾರಣೆ ಈಗ ಶುರುವಾಗಿದೆ; ಸಾಕ್ಷಿಗಳು ಬಂದರೆ ಬರುತ್ತಾರೆ, ಇಲ್ಲವಾದರೆ ಮುಂದಿನ ತಾರೀಖು.

ಮೊನ್ನೆ ಅವ್ವ ಒಬ್ಬಳೇ ಜೈಲಿಗೆ ಹೋಗಿ ಬಂದಳು. ಅವನೇನಾದರೂ ಹೇಳಿದನೇನೋ ಎಂದು ಅವಳ ಮುಖ ನೋಡಿದೆ.

"ಅಕ್ಕನ್ನ ಬೈಬ್ಯಾಡ ಅಂದ" ಎಂದಳು ಗೋಡೆಯ ಕಡೆ ತಿರುಗಿ. "ಅಂವ ಹಂಗ ಅನ್ನಾಂವನ. ಅಷ್ಟ ಚಲೋ ಹುಡುಗನ್ನ ನೀ ಹೆಂಗ ಒಳಗ ಹಾಕ್ಸಿದಿ, ಅದನ್ನ ಹೇಳು ನನಗ."

ನಾನು ತಟ್ಟೆ ತೆಗೆದುಕೊಂಡು ನನ್ನಷ್ಟಕ್ಕೆ ಬಡಿಸಿಕೊಂಡೆ. ಅವಳು ಮತ್ತೆ ಕಂಡಿಕೆಗೆ ಕುಳಿತಳು.