ಪರದೆಯಾಚೆಯ ಸಾಹೇಬರು

ವಿಶ್ವವಿದ್ಯಾಲಯದ ಮರುಮೌಲ್ಯಮಾಪನ ವಿಭಾಗದ ಗುಮಾಸ್ತರು ಬೆಣ್ಣೆಯಂಥ ಮನುಷ್ಯ. ಎಷ್ಟು ಸಲ ಹೋದರೂ ರೇಗುವವರಲ್ಲ. "ಕೂತ್ಕೋ ತಾಯಿ, ಸಾಹೇಬ್ರನ್ನ ಕೇಳ್ತೀನಿ" ಎಂದು ಪರದೆಯ ಹಿಂದೆ ಸರಿಯುವರು. ಒಳಗಿನಿಂದ ಗೊಗ್ಗರು ದನಿಯೊಂದು "ಇನ್ನೂ ಆಗಿಲ್ಲ" ಎನ್ನುವುದು. ಗುಮಾಸ್ತರು ಮುಖ ಬಾಡಿಸಿಕೊಂಡು ಹೊರಬರುವರು. ಫಲಿತಾಂಶ ಬಾರದೆ, ಸಿಕ್ಕ ಕೆಲಸವೂ ಕೈತಪ್ಪುವಂತಿದ್ದ ಹುಡುಗಿಗೆ ಅವರ ಮೇಲೇ ಕನಿಕರ ಹುಟ್ಟಿತ್ತು. ಕೊನೆಗೆ ವಕೀಲೆಯಾದ ಚಿಕ್ಕಮ್ಮ ರಿಟ್ ಅರ್ಜಿ ಹಾಕಿದರು. ತಡಮಾಡದೆ ಫಲಿತಾಂಶ ಕೊಡಿ ಎಂದು ಕೋರ್ಟು ಆದೇಶಿಸಿತು. ಆದೇಶವನ್ನು ಗುಮಾಸ್ತರ ಕೈಗಿತ್ತ ಹುಡುಗಿ ಈ ಸಲ ಅವರ ಬೆನ್ನಿಗೇ ಹೋಗಿ ಪರದೆ ಸರಿಸಿದಳು. ಬಿಚ್ಚದ ಉತ್ತರಪತ್ರಿಕೆಯ ಕಟ್ಟುಗಳ ನಡುವೆ ಖಾಲಿ ಕುರ್ಚಿಯೊಂದಿತ್ತು. ಅದರ ಮುಂದೆ ಬಗ್ಗಿ ನಿಂತ ಗುಮಾಸ್ತರು, "ಕೋರ್ಟಿಂದ ಬಂದಿದೆ ಸಾರ್" ಎಂದರು. ಮರುಕ್ಷಣ ಅವರದೇ ಗಂಟಲಿನಿಂದ ಆ ಗೊಗ್ಗರು ದನಿ ಹೊರಟಿತು: "ಸರಿ, ಕಟ್ಟು ಬಿಚ್ಚು." ಗುಮಾಸ್ತರು ಬೆವರು ಒರೆಸಿಕೊಂಡು ಹುಡುಗಿಯ ಕಿವಿಯಲ್ಲಿ ಪಿಸುಗುಟ್ಟಿದರು: "ಕೇಳಿಸ್ತಲ್ಲ ತಾಯಿ? ಕೋರ್ಟಂದ್ರೆ ಸಾಹೇಬ್ರಿಗೂ ಭಯ."